ದುಡಿಮೆ, ನೆರವು, ಸೂರು

‘ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು’ ಎಂಬ ಗಾದೆಯನ್ನು ನಮ್ಮ ಹಿರಿಯರು ಆಡಿದ್ದು ಮನುಷ್ಯನ ತಾಳ್ಮೆಯನ್ನೂ ಬಂಧುಬಳಗದ ಒತ್ತಾಸೆಯನ್ನೂ ಪರೀಕ್ಷಿಸುವ ಎರಡು ಸಂದರ್ಭಗಳನ್ನು ನೆನೆದು. ಆ ಕಾಲದಲ್ಲಿ ಮನೆ ಕಟ್ಟುವುದೆಂದರೆ ನೆರೆಕರೆಯ ಹತ್ತು ಕೈಗಳು ಕೂಡುವುದೆಂದೇ ಅರ್ಥ. ಮಣ್ಣು ಕಲಸುವವರು ಕೆಲವರು, ಮುಳಿಹುಲ್ಲು ಹೊದೆಸುವವರು ಕೆಲವರು, ಅವರೆಲ್ಲರಿಗೂ ಗಂಜಿ ಬೇಯಿಸುವವರು ಕೆಲವರು. ಇಂದು ಅದೇ ಗಾದೆಯನ್ನು ಆಡುವಾಗ ಕಣ್ಣ ಮುಂದೆ ಬರುವುದು ಬ್ಯಾಂಕಿನ ಸಾಲದ ಕಾಗದ, ಚದರಡಿಯ ಲೆಕ್ಕ, ಕಂಟ್ರಾಕ್ಟುದಾರನ ಅಂದಾಜು ಪಟ್ಟಿ. ಮಾತು ಹಳೆಯದೇ, ಅರ್ಥ ಮಾತ್ರ ಮಗ್ಗುಲು ಬದಲಿಸಿದೆ.

ಹೀಗೆ ಅರ್ಥ ಬದಲಿಸಿಕೊಂಡ ಮೂರು ಮಾತುಗಳನ್ನು ಕುರಿತು ವಾಚಕ ಬಂಧುಗಳೊಡನೆ ಸ್ವಲ್ಪ ಹೊತ್ತು ವಿಚಾರ ಮಾಡಬೇಕೆಂದು ನಮಗೆ ಬಹುದಿನಗಳಿಂದ ಅನಿಸಿದೆ. ದುಡಿಮೆ, ನೆರವು, ಸೂರು: ಇವೇ ಆ ಮೂರು ಮಾತುಗಳು. ಇವನ್ನು ಬದಲಿಸಿದ ನಾಲ್ಕನೆಯ ಮಾತೊಂದಿದೆ, ಅದು ಬಂಡವಾಳ. ಬಂಡವಾಳಶಾಹಿ ಎಂಬ ದೊಡ್ಡ ಶಬ್ದವನ್ನು ಕೇಳಿದೊಡನೆ ಇದು ರಾಜಕೀಯ ಪಕ್ಷದವರ ಭಾಷಣದ ವಿಷಯವೆಂದು ಪುಟ ಮಗುಚಬೇಡಿರಿ. ಬಂಡವಾಳವು ಕಾರ್ಖಾನೆಯ ಗೇಟಿನೊಳಗೆ ಮಾತ್ರ ಕುಳಿತಿರುವ ವಸ್ತುವಲ್ಲ. ಯಾರನ್ನು ಕಂಡರೆ ಎದ್ದು ನಿಲ್ಲಬೇಕು, ಯಾರನ್ನು ಕಂಡರೆ ಮುಖ ತಿರುವಬೇಕು ಎಂಬುದನ್ನು ಕೂಡ ಅದು ಸದ್ದಿಲ್ಲದೆ ನಮಗೆ ಕಲಿಸುತ್ತಿದೆ. ಕಲಿಸುವುದನ್ನೇ ವೃತ್ತಿಯಾಗಿ ಕೈಕೊಂಡ ನಮ್ಮಂಥವರಿಗೆ ಈ ಮತ್ತೊಬ್ಬ ಅಧ್ಯಾಪಕನ ಪಾಠಕ್ರಮವನ್ನು ಪರಿಶೀಲಿಸುವ ಹಕ್ಕಿದೆಯಷ್ಟೆ?

ನಾವು ಕಾಸರಗೋಡು ಜಿಲ್ಲೆಯ ಒಳನಾಡಿನ ಒಂದು ಕನ್ನಡ ಶಾಲೆಯ ಮುಖ್ಯೋಪಾಧ್ಯಾಯರು. ಹುಟ್ಟಿ ಬೆಳೆದದ್ದೂ ಇದೇ ಸೀಮೆಯಲ್ಲಿ. ನಮ್ಮ ತೀರ್ಥರೂಪರು ಚಾಲಗೇಣಿಯ ಒಕ್ಕಲು. ಅವರು ಉತ್ತ ಗದ್ದೆ ಅವರದಲ್ಲ, ಅವರು ನೀರೆರೆದ ಅಡಿಕೆಯ ಸಸಿ ಅವರದಲ್ಲ, ಅವರು ಮಲಗುವ ಮನೆಯ ಅಡಿಯ ನೆಲವೂ ಅವರದಲ್ಲ. ಮೂಲಗೇಣಿಯವನಿಗೆ ನೆಲದ ಮೇಲೆ ಸ್ಥಿರವಾದ ಹಕ್ಕಿತ್ತು. ಚಾಲಗೇಣಿಯವನಿಗೆ ಧನಿಗಳ ಮರ್ಜಿಯೇ ಹಕ್ಕು. ಮನೆಗೆ ಹೆಂಚು ಹಾಕಿಸುವ ಶಕ್ತಿ ಬಂದರೂ ಒಕ್ಕಲಾದವನು ಹಾಕಿಸಲು ಹಿಂಜರಿಯುತ್ತಿದ್ದನು. ನಾಳೆ ಎದ್ದು ಹೋಗೆಂದರೆ ಹೆಂಚನ್ನು ತಲೆಯ ಮೇಲೆ ಹೊತ್ತುಕೊಂಡು ಹೋಗಲಾದೀತೇ? ಆದುದರಿಂದ ಹಳೆಯ ಕಾಲವೆಲ್ಲ ಬಂಗಾರದ ಕಾಲವಾಗಿತ್ತೆಂದು ಹಾಡುವವರ ಪಂಕ್ತಿಯಲ್ಲಿ ನಾವು ಕೂರಲಾರೆವು. ನೆರೆಕರೆಯ ಹತ್ತು ಕೈಗಳು ಕೂಡುತ್ತಿದ್ದುದು ನಿಜ. ಯಾವ ಕೈ ಯಾವ ಅಂಗಳದವರೆಗೆ ಬರಬಹುದೆಂಬುದನ್ನು ಜಾತಿಯೇ ನಿರ್ಣಯಿಸುತ್ತಿದ್ದುದೂ ಅಷ್ಟೇ ನಿಜ.

ಆ ವ್ಯವಸ್ಥೆಯನ್ನು ಅಲುಗಿಸಿದ್ದು ಎರಡು ಶಕ್ತಿಗಳು. ಒಂದು ಹಣ, ಇನ್ನೊಂದು ಕಾನೂನು. ಬಾಸೆಲ್ ಮಿಶನಿನವರು 1865ರಲ್ಲಿ ಮಂಗಳೂರಿನಲ್ಲಿ ಹೆಂಚಿನ ಕಾರ್ಖಾನೆಯನ್ನು ತೆರೆದ ಮೇಲೆ ಈ ಕರಾವಳಿಯ ಬಡವನಿಗೆ ಧನಿಯ ಅಂಗಳದ ಹೊರಗೆಯೂ ಕೂಲಿ ದೊರೆಯಬಹುದೆಂಬ ಅರಿವು ಮೂಡಿತು. ಕಾರ್ಖಾನೆಯ ಗಂಟೆ ಕಠೋರವಾದುದು. ಆದರೆ ಅದು ಹೊಡೆದು ನಿಂತ ಬಳಿಕ ಆಳು ತನ್ನ ಪಾಲಿಗೆ ತಾನು. ಧನಿಯ ಮನೆಯಲ್ಲಿ ಹಾಗಲ್ಲ. ಅಲ್ಲಿ ದುಡಿಮೆಗೆ ಹೊತ್ತಿಲ್ಲ, ಹೊತ್ತಿಗೆ ಬೆಲೆಯಿಲ್ಲ. ಕೂಲಿಗೆ ಬೆಲೆ ಕಟ್ಟುವ ಪದ್ಧತಿಯು ಮನುಷ್ಯನನ್ನು ಹಳೆಯ ಒಂದು ಕಟ್ಟಿನಿಂದ ಬಿಡಿಸಿತೆಂಬುದನ್ನು ಒಪ್ಪದೆ ಬಂಡವಾಳವನ್ನು ಬಯ್ಯುವುದು ನ್ಯಾಯವಲ್ಲ. ಆದರೆ ಬಿಡಿಸಿದ ಕೈಯೇ ಇನ್ನೊಂದು ಕಟ್ಟನ್ನೂ ಹಾಕಿತು. ಬೆಲೆಯಿರುವ ಕೆಲಸವೇ ಕೆಲಸ, ಬೆಲೆಯಿರುವ ಮನುಷ್ಯನೇ ಮನುಷ್ಯ ಎಂಬುದೇ ಆ ಎರಡನೆಯ ಕಟ್ಟು.

ಇನ್ನು ಕಾನೂನಿನ ಮಾತು. ಮದರಾಸು ಪ್ರಾಂತದ ದಕ್ಷಿಣ ಕನ್ನಡಕ್ಕೆ ಸೇರಿದ್ದ ಕಾಸರಗೋಡು 1956ರ ನವೆಂಬರ 1ರಂದು ಕೇರಳಕ್ಕೆ ಸೇರಿತು. ಭಾಷೆಯ ದೃಷ್ಟಿಯಿಂದ ನಮಗಾದ ನೋವನ್ನು ಈ ಪತ್ರಿಕೆಯ ವಾಚಕರಿಗೆ ಹೊಸದಾಗಿ ಹೇಳಬೇಕಾಗಿಲ್ಲ. ಆದರೆ ಅದೇ ಕೇರಳದಲ್ಲಿ 1957ರ ಏಪ್ರಿಲಿನಲ್ಲಿ ಅಧಿಕಾರಕ್ಕೆ ಬಂದ ಮಂತ್ರಿಮಂಡಲವು ಕೆಲವೇ ದಿನಗಳಲ್ಲಿ ಒಕ್ಕಲೆಬ್ಬಿಸುವಿಕೆಗೆ ತಡೆ ಹಾಕಿತು. 1963ರ ಭೂಸುಧಾರಣಾ ಕಾಯಿದೆಗೆ 1969ರಲ್ಲಿ ತಿದ್ದುಪಡಿಯಾಗಿ, 1970ರ ಜನವರಿ 1ರಿಂದ ಗೇಣಿ ಪದ್ಧತಿಯೇ ಇಲ್ಲವಾಯಿತು. ಉಳುವವನಿಗೆ ಭೂಮಿ ಬಂತು. ಪರರ ಹಿತ್ತಿಲಿನಲ್ಲಿ ಗುಡಿಸಲು ಕಟ್ಟಿಕೊಂಡಿದ್ದ ಕುಡಿಕಿಡಪ್ಪುಕಾರರಿಗೆ ಪಂಚಾಯತು ಪ್ರದೇಶದಲ್ಲಿ 10 ಸೆಂಟ್ಸಿನವರೆಗೆ ನೆಲವನ್ನು ಅಗ್ಗದ ಬೆಲೆಗೆ ಕೊಂಡುಕೊಳ್ಳುವ ಹಕ್ಕು ದೊರೆಯಿತು. ನಮ್ಮ ತೀರ್ಥರೂಪರ ಹೆಸರು ಪಟ್ಟೆಯಲ್ಲಿ ಬರೆಯಲ್ಪಟ್ಟದ್ದು ಆ ಕಾನೂನಿನ ಬಲದಿಂದ. ಅಡಿಕೆಯ ಆದಾಯದಿಂದ ನಾವು ಓದಿದ್ದು, ಅಧ್ಯಾಪಕ ತರಬೇತಿಯನ್ನು ಪೂರೈಸಿದ್ದು, ಈ ದಿನ ಕುರ್ಚಿಯಲ್ಲಿ ಕುಳಿತು ಲೇಖನ ಬರೆಯುತ್ತಿರುವುದು, ಎಲ್ಲದರ ಬೇರು ಅಲ್ಲಿದೆ.

ಈ ಕಾನೂನಿಗೂ ಒಂದು ಮಿತಿಯಿತ್ತು. ಗೇಣಿ ಚೀಟಿಯಲ್ಲಿ ಹೆಸರಿದ್ದವನಿಗೆ ಗದ್ದೆ ದೊರೆಯಿತು. ಅದೇ ಗದ್ದೆಯ ಕೆಸರು ತುಳಿದ ಕೂಲಿಯಾಳಿಗೆ ಗದ್ದೆ ದೊರೆಯಲಿಲ್ಲ. ಅವನಿಗೆ ಸಿಕ್ಕಿದ್ದು ಹೆಚ್ಚೆಂದರೆ ಮನೆಯಡಿಯ 10 ಸೆಂಟ್ಸು, ಇಲ್ಲವೇ ಮುಂದೆ ಸರಕಾರ ಕಟ್ಟಿದ ಕಾಲೊನಿಯಲ್ಲಿ ಒಂದು ಮನೆ. ಹೀಗೆ ಒಂದೇ ಕಾನೂನಿನ ಹೊಸ್ತಿಲಿನಿಂದ ಎರಡು ದಾರಿಗಳು ಕವಲೊಡೆದವು. ನೆಲ ದೊರೆತವರ ಮಕ್ಕಳು ಅಧ್ಯಾಪಕರು, ಬ್ಯಾಂಕ್ ನೌಕರರು, ಕೊಲ್ಲಿ ರಾಷ್ಟ್ರಗಳಿಗೆ ಹೋದ ಇಂಜಿನಿಯರರು ಆದರು. ನೆಲ ದೊರೆಯದವರ ಮಕ್ಕಳು ಬಹುಮಟ್ಟಿಗೆ ಕೂಲಿಯವರಾಗಿಯೇ ಉಳಿದರು. ಎರಡನೆಯ ತಲೆಮಾರಿಗೆ ಬರುವಾಗ ಮೊದಲನೆಯವರು ‘ನಾವು ಕಷ್ಟಪಟ್ಟು ಮೇಲೆ ಬಂದೆವು’ ಎಂದೂ ಎರಡನೆಯವರು ‘ಸರಕಾರದ ಪುಕ್ಕಟೆ ಅನ್ನ ತಿನ್ನುವವರು’ ಎಂದೂ ಊರಿನ ಮಾತಿನಲ್ಲಿ ದಾಖಲಾದರು. ಕಷ್ಟಪಟ್ಟದ್ದು ಸುಳ್ಳಲ್ಲ, ಆದರೆ ಕಷ್ಟ ಫಲಿಸುವುದಕ್ಕೆ ಒಂದು ನೆಲ ಬೇಕಿತ್ತು, ಆ ನೆಲವನ್ನು ಕೊಟ್ಟದ್ದು ಕಾನೂನು ಎಂಬ ಸಂಗತಿ ಮಾತ್ರ ಮರೆತುಹೋಯಿತು.

ದುಡಿಮೆಯ ವಿಷಯದಲ್ಲಿ ನಮ್ಮ ಸೀಮೆಗೆ ಬಂಡವಾಳ ಕಲಿಸಿದ ಪಾಠವನ್ನು ತಿಳಿಯಬೇಕಾದರೆ ಬೀಡಿಯ ಕತೆಯನ್ನು ಕೇಳಬೇಕು. ಬೀಡಿ ಕಟ್ಟುವವರಿಗೆ ಕೆಲಸದ ಗಂಟೆ, ರಜೆ, ನೆರಳಿರುವ ಕೆಲಸದ ಸ್ಥಳ ಮುಂತಾದುವುಗಳನ್ನು ವಿಧಿಸಿ ಕೇಂದ್ರ ಸರಕಾರ 1966ರಲ್ಲಿ ಬೀಡಿ ಮತ್ತು ಸಿಗಾರ್ ಕಾರ್ಮಿಕರ ಕಾಯಿದೆಯನ್ನು ಮಾಡಿತು. ಕೇರಳ ಅದನ್ನು 1968ರಲ್ಲಿ ಜಾರಿಗೆ ತರಲು ಹೊರಟಾಗ ಮಂಗಳೂರಿನ ಬೀಡಿ ಧನಿಗಳು ಕಣ್ಣೂರು ಸೀಮೆಯ ತಮ್ಮ ಕಾರ್ಖಾನೆಗಳಿಗೆ ಬೀಗ ಹಾಕಿದರು. ಸುಮಾರು 12,000 ಕಾರ್ಮಿಕರು ಒಮ್ಮೆಲೇ ಬೀದಿಗೆ ಬಿದ್ದರು. ಕಾನೂನು ಗಡಿಯನ್ನು ದಾಟಲಾರದು, ಬಂಡವಾಳ ದಾಟಬಲ್ಲದು. ಗಡಿನಾಡಿನವರಾದ ನಮಗೆ ಈ ಸತ್ಯವನ್ನು ಬೇರೆ ಯಾರೂ ವಿವರಿಸಿ ಹೇಳಬೇಕಾಗಿಲ್ಲ. ಕೆಲಸವು ಕಾರ್ಖಾನೆಯಿಂದ ಹೊರಟು ಮನೆಮನೆಯ ಜಗಲಿಗೆ ಬಂದು ಕುಳಿತಿತು. ಜಗಲಿಗೆ ಇನ್ಸ್‌ಪೆಕ್ಟರು ಬರುವುದಿಲ್ಲ, ಹಾಜರಿ ಪುಸ್ತಕವಿಲ್ಲ, ಮುಷ್ಕರವಂತೂ ಇಲ್ಲವೇ ಇಲ್ಲ.

ಕೆಲಸ ಕಳೆದುಕೊಂಡವರು ಕೈಕಟ್ಟಿ ಕುಳಿತುಕೊಳ್ಳಲಿಲ್ಲ. ಸರಕಾರದ ಬೆಂಬಲದಿಂದ 1969ರ ಫೆಬ್ರವರಿಯಲ್ಲಿ ಕಣ್ಣೂರಿನಲ್ಲಿ ದಿನೇಶ್ ಬೀಡಿ ಸಹಕಾರ ಸಂಘವು ಹುಟ್ಟಿತು. ಕಾರ್ಮಿಕರೇ ಸದಸ್ಯರು, ಕಾರ್ಮಿಕರೇ ಒಡೆಯರು. ಒಂದು ಕಾಲಕ್ಕೆ 40,000ಕ್ಕೂ ಮಿಕ್ಕಿ ಜನರಿಗೆ ಅದು ಉದ್ಯೋಗವನ್ನೂ ಭವಿಷ್ಯನಿಧಿಯನ್ನೂ ಬೋನಸನ್ನೂ ಕೊಟ್ಟಿತು. ಕೆಲಸ ಮಾಡುವವರ ನಡುವೆ ಒಬ್ಬನು ಕುಳಿತು ದಿನಪತ್ರಿಕೆಯನ್ನು ಗಟ್ಟಿಯಾಗಿ ಓದುವುದು, ಉಳಿದವರು ಬೀಡಿ ಸುತ್ತುತ್ತ ಕೇಳುವುದು ಅಲ್ಲಿನ ವಾಡಿಕೆ. ಕಾಲಾಂತರದಲ್ಲಿ ಬೀಡಿ ಸೇದುವವರು ಕಡಿಮೆಯಾದಂತೆ ಸಂಘವೂ ಸೊರಗಿ, ಕೊಡೆ, ಆಹಾರ ಪದಾರ್ಥ ಮುಂತಾದ ಉದ್ಯಮಗಳತ್ತ ಹೊರಳಬೇಕಾಯಿತು. ಬೀಡಿಯು ಸೇದುವವನ ಎದೆಗೂ ಕಟ್ಟುವವಳ ಎದೆಗೂ ಹಾನಿಕರವೆಂಬುದನ್ನು ಅಧ್ಯಾಪಕರಾದ ನಾವು ಮರೆಮಾಚಲಾರೆವು. ಆದರೂ ಧನಿಯಿಲ್ಲದೆ ಕೆಲಸ ನಡೆಯಬಲ್ಲದೆಂಬುದನ್ನು ಆ ಸಂಘವು ತೋರಿಸಿಕೊಟ್ಟಿತು.

ನಮ್ಮ ಊರಿನ ಹೆಂಗಸರ ಪಾಲಿಗೆ ಬಂದುದು ಸಂಘವಲ್ಲ, ಜಗಲಿ. ಬೆಳಗ್ಗೆ ಬ್ರಾಂಚಿನಿಂದ ಎಲೆ, ಹೊಗೆಸೊಪ್ಪು, ನೂಲು ತರಬೇಕು. ಎಲೆಯನ್ನು ನೀರಿನಲ್ಲಿ ನೆನೆಸಿ, ತಗಡಿನ ಅಳತೆಯಿಟ್ಟು ಕತ್ತರಿಸಿ, ಸುತ್ತಿ, ನೂಲು ಕಟ್ಟಿ, ಕಟ್ಟು ಮಾಡಿ ಮರಳಿ ಒಯ್ಯಬೇಕು. ಸಾವಿರ ಬೀಡಿಗೆ ಇಷ್ಟೆಂದು ಮಜೂರಿ. ಆಕಾರ ಸರಿಯಿಲ್ಲವೆಂದು ಬ್ರಾಂಚಿನಲ್ಲಿ ತಳ್ಳಿದ ಬೀಡಿಗೆ ಮಜೂರಿಯಿಲ್ಲ, ಎಲೆ ಕಡಿಮೆ ಬಂದರೆ ಕೈಯಿಂದ ಕೊಂಡು ತುಂಬಿಸಬೇಕು. ಈ ಪದ್ಧತಿಯಲ್ಲಿ ಹೊರಗಿನ ಮೇಲ್ವಿಚಾರಕನ ಅಗತ್ಯವಿಲ್ಲ. ಕಟ್ಟುವವಳೇ ತನ್ನ ಮೇಲ್ವಿಚಾರಕಿಯಾಗುತ್ತಾಳೆ. ಮಗು ಅತ್ತರೆ ಐವತ್ತು ಬೀಡಿ ಹೋಯಿತು, ನೆಂಟರು ಬಂದರೆ ನೂರು ಬೀಡಿ ಹೋಯಿತು ಎಂದು ಅವಳ ಮನಸ್ಸೇ ಲೆಕ್ಕವಿಡುತ್ತದೆ. ಇಷ್ಟಾದರೂ ಊರವರು ಆಡುವ ಮಾತೇನು? ‘ಅವಳು ಮನೆಯಲ್ಲೇ ಇರುವುದು, ಹೊತ್ತು ಹೋಗಲಿಕ್ಕೆ ಬೀಡಿ ಕಟ್ಟುತ್ತಾಳೆ’ ಎಂದು. ಶಾಲೆಯ ಪ್ರವೇಶ ಪುಸ್ತಕದಲ್ಲಿ ತಾಯಿಯ ಉದ್ಯೋಗವನ್ನು ಬರೆಯುವಾಗ ಆ ತಾಯಂದಿರೇ ‘ಕೆಲಸ ಏನೂ ಇಲ್ಲ ಮಾಷ್ಟ್ರೇ, ಮನೆಯಲ್ಲಿ’ ಎಂದದ್ದನ್ನು ನಾವು ಎಷ್ಟೋ ಸಲ ಕೇಳಿದ್ದೇವೆ. ಹಾಗೆ ಹೇಳುವಾಗಲೂ ಅವರ ಬೆರಳ ತುದಿ ಹೊಗೆಸೊಪ್ಪಿನ ಬಣ್ಣದ್ದೇ.

ಹಾಗಾದರೆ ನೆರವನ್ನು ಕುರಿತು ನಮ್ಮಲ್ಲಿ ಬೇರೂರಿರುವ ತಾತ್ಸಾರ ಎಲ್ಲಿಂದ ಬಂತು? ಇದಕ್ಕೆ ಇಂಗ್ಲೆಂಡಿನ ಇತಿಹಾಸದಲ್ಲಿ ಒಂದು ಪಾಠವಿದೆ. 1601ರ ಕಾನೂನಿನಂತೆ ಅಲ್ಲಿ ಬಡವರ ಪೋಷಣೆ ಆಯಾ ಊರಿನ ಹೊಣೆಯಾಗಿತ್ತು. ಕಾರ್ಖಾನೆಗಳು ಬೆಳೆದು ಕೂಲಿಯಾಳುಗಳ ಬೇಡಿಕೆ ಹೆಚ್ಚಿದಾಗ, 1834ರಲ್ಲಿ ಹೊಸ ಕಾನೂನು ಬಂತು. ನೆರವು ಬೇಕಾದವನು ವರ್ಕ್‌ಹೌಸ್ ಎಂಬ ದುಡಿಮೆಮನೆಯೊಳಗೆ ಹೋಗಬೇಕು. ಅಲ್ಲಿ ಗಂಡ, ಹೆಂಡತಿ, ಮಕ್ಕಳು ಬೇರೆಬೇರೆ. ಹೊರಗೆ ಅತಿ ಕಡಿಮೆ ಕೂಲಿಗೆ ದುಡಿಯುವವನ ಬಾಳಿಗಿಂತಲೂ ಒಳಗಿನ ಬಾಳು ಕಷ್ಟದ್ದಾಗಿರಬೇಕೆಂಬುದು ಆ ಕಾನೂನಿನ ಮೂಲತತ್ತ್ವ. ಎಷ್ಟೇ ಕಡಿಮೆ ಕೂಲಿಯಾದರೂ ಸರಿ, ಕಾರ್ಖಾನೆಯೇ ಮೇಲು ಎಂದು ಬಡವನು ಓಡಿ ಬರಬೇಕು. ಅದಕ್ಕಾಗಿ ನೆರವಿಗೆ ಅವಮಾನವನ್ನು ಬೆರೆಸಬೇಕು. ಆ ದುಡಿಮೆಮನೆಗಳು ಇಂದಿಲ್ಲ. ಆದರೆ ರೇಶನ್ ಅಂಗಡಿಯ ಸಾಲಿನಲ್ಲಿ, ಪಿಂಚಣಿಯ ಅರ್ಜಿಯ ಮೇಜಿನ ಮುಂದೆ, ‘ನಿಮಗೆಲ್ಲ ಬಿಟ್ಟಿ ಸಿಕ್ಕಿದರೆ ಕೆಲಸಕ್ಕೆ ಯಾರು ಬರುತ್ತಾರೆ?’ ಎಂದು ಕೇಳುವ ದನಿಯಲ್ಲಿ ಆ ತತ್ತ್ವ ಇನ್ನೂ ಜೀವಂತವಾಗಿದೆ.

ಕೇರಳದಲ್ಲಿ ಕೃಷಿ ಕಾರ್ಮಿಕರ ಪಿಂಚಣಿ ಆರಂಭವಾದದ್ದು 1980ರಲ್ಲಿ. ತಿಂಗಳಿಗೆ 45 ರೂಪಾಯಿ. ಕ್ಷೇಮ ಪಿಂಚಣಿಯ ಮೊತ್ತ 2021ರಲ್ಲಿ 1600 ರೂಪಾಯಿಗೂ 2025ರ ನವೆಂಬರಿನಿಂದ 2000 ರೂಪಾಯಿಗೂ ಏರಿತು. ಅದು ಔದಾರ್ಯವಲ್ಲ, ನಲವತ್ತು ಮಳೆಗಾಲ ಬೆನ್ನು ಬಾಗಿಸಿ ನೇಜಿ ನೆಟ್ಟವಳ ಬಾಕಿ ಕೂಲಿ ಎಂದೇ ನಾವು ತಿಳಿಯುತ್ತೇವೆ. ಬೀಡಿ ಕಾರ್ಮಿಕರ ಮಕ್ಕಳ ವಿದ್ಯಾರ್ಥಿವೇತನದ ಅರ್ಜಿಗಳನ್ನು ನಾವು ಎಷ್ಟೋ ವರ್ಷ ತುಂಬಿಸಿಕೊಟ್ಟಿದ್ದೇವೆ. 1976ರ ಕಾನೂನಿನಂತೆ ಆ ಕ್ಷೇಮನಿಧಿಗೆ ಹಣ ಬರುತ್ತಿದ್ದುದು ತಯಾರಾದ ಬೀಡಿಯ ಮೇಲೆ ವಿಧಿಸಿದ ಕರದಿಂದ, ಜಿ.ಎಸ್.ಟಿ. ಬಂದ 2017ರಲ್ಲಿ ಆ ಕರ ನಿಂತಿತು. ಅಂದರೆ ತಾಯಿ ಸುತ್ತಿದ ಬೀಡಿಯಿಂದ ಹೊರಟ ಹಣವೇ ಸುತ್ತಿ ಬಳಸಿ ಮಗಳ ಪುಸ್ತಕಕ್ಕೆ ಬರುತ್ತಿತ್ತು. ಇದರಲ್ಲಿ ಬಿಟ್ಟಿ ಎಂಬುದು ಎಲ್ಲಿದೆ?

ಮನೆಯ ವಿಷಯಕ್ಕೆ ಬರೋಣ. ಅಚ್ಯುತ ಮೇನೋನರು ಮುಖ್ಯಮಂತ್ರಿಗಳಾಗಿದ್ದಾಗ, ಎಂ. ಎನ್. ಗೋವಿಂದನ್ ನಾಯರರ ಮುಂದಾಳುತನದಲ್ಲಿ 1972ರಲ್ಲಿ ಲಕ್ಷ ಮನೆಗಳ ಯೋಜನೆಯು ಆರಂಭವಾಯಿತು. ಪಂಚಾಯತಿಗೆ ಸುಮಾರು ನೂರರಂತೆ ರಾಜ್ಯದಲ್ಲಿ ಒಂದು ಲಕ್ಷ ಮನೆ ಕಟ್ಟಬೇಕೆಂಬುದು ಸಂಕಲ್ಪ. ಖರ್ಚನ್ನು ಉಳಿಸಲು ನಡುಗೋಡೆಯೊಂದನ್ನು ಹಂಚಿಕೊಂಡ ಜೋಡಿ ಮನೆಗಳು. ಸಂಕಲ್ಪಿಸಿದ ಲೆಕ್ಕ ಪೂರ್ಣವಾಗಲಿಲ್ಲವಾದರೂ ತಲೆಯ ಮೇಲೆ ಮಾಡಿಲ್ಲದ ಸಾವಿರಾರು ಸಂಸಾರಗಳಿಗೆ ಅದು ನೆಲೆಯಾಯಿತು. ಆದರೆ ‘ಲಕ್ಷಂ ವೀಡು’ ಎಂಬ ಹೆಸರೇ ಕ್ರಮೇಣ ಬೈಗುಳಾಯಿತು. ‘ಕಾಲೊನಿಯವ’ ಎಂಬ ಮಾತು ಮಕ್ಕಳ ಬಾಯಿಗೂ ಬಂತು. ನಮ್ಮ ಶಾಲೆಯಲ್ಲೊಬ್ಬ ಹುಡುಗ ಮಳೆಗಾಲದಲ್ಲಿ ಕೂಡ ಒಂದು ನಿಲುಗಡೆ ಮೊದಲೇ ಬಸ್ಸಿನಿಂದಿಳಿದು ನೆನೆದುಕೊಂಡು ಹೋಗುತ್ತಿದ್ದನು. ಕಾಲೊನಿಯ ನಿಲುಗಡೆಯಲ್ಲಿ ಇಳಿಯುವುದನ್ನು ಸಹಪಾಠಿಗಳು ಕಾಣಬಾರದೆಂಬುದು ಅವನ ಕಾರಣ. ಹತ್ತು ವರ್ಷದ ಮಗುವಿಗೆ ತನ್ನ ಮನೆಯ ಬಗ್ಗೆ ನಾಚಿಕೆಪಡುವುದನ್ನು ಯಾವ ಪಠ್ಯಪುಸ್ತಕವೂ ಕಲಿಸಿರಲಿಲ್ಲ.

ಅತ್ತ ಇನ್ನೊಂದು ನೋಟ. ಕೊಲ್ಲಿ ರಾಷ್ಟ್ರಗಳ ಹಣ ಬರತೊಡಗಿದ ಮೇಲೆ ಮಂಜೇಶ್ವರದಿಂದ ಕಾಞಂಗಾಡಿನವರೆಗೂ ರಸ್ತೆಯ ಎರಡು ಬದಿಗೆ ಭಾರಿ ಬಂಗಲೆಗಳು ಎದ್ದವು. ಕಟ್ಟಿದವನು ದುಬಾಯಿಯಲ್ಲಿ ಎಂಟು ಜನರೊಡನೆ ಒಂದೇ ಕೋಣೆಯಲ್ಲಿ ಮಲಗುತ್ತಾನೆ. ಊರಿನ ಆರು ಕೋಣೆಗಳಲ್ಲಿ ಮುದಿ ತಾಯಿಯೊಬ್ಬಳೇ ಓಡಾಡುತ್ತಾಳೆ. 2011ರ ಜನಗಣತಿಯಲ್ಲಿ ಕೇರಳವೊಂದರಲ್ಲೇ ಹತ್ತು ಲಕ್ಷಕ್ಕೂ ಮಿಕ್ಕಿ ಮನೆಗಳು ಖಾಲಿ ಬಿದ್ದಿದ್ದುವು. ಅದೇ ರಾಜ್ಯದಲ್ಲಿ ಮನೆಯಿಲ್ಲದವರಿಗಾಗಿ 2016ರಲ್ಲಿ ಲೈಫ್ ಎಂಬ ಯೋಜನೆಯನ್ನು ಆರಂಭಿಸಬೇಕಾಯಿತು. ಮನೆಗಳ ಕೊರತೆಯಿಲ್ಲದ ನಾಡಿನಲ್ಲಿ ಮನೆಯಿಲ್ಲದವರು ಇರುವುದು ಹೇಗೆ? ಮನೆಯು ವಾಸಿಸುವ ಜಾಗವಾಗಿರುವುದನ್ನು ಬಿಟ್ಟು ಹಣವನ್ನು ಇಟ್ಟುಕೊಳ್ಳುವ ಪೆಟ್ಟಿಗೆಯಾದಾಗ ಹೀಗಾಗುತ್ತದೆ. ಪೆಟ್ಟಿಗೆಗೆ ಒಳಗೆ ಯಾರಿದ್ದಾರೆಂಬ ಚಿಂತೆಯಿಲ್ಲ. ಬೆಲೆ ಏರುತ್ತಿದೆಯೇ ಎಂಬುದೊಂದೇ ಚಿಂತೆ.

ಕೆಲವು ವರ್ಷಗಳ ಹಿಂದೆ ನಮ್ಮ ವಾರ್ಡಿನ ಗ್ರಾಮಸಭೆಯಲ್ಲಿ ಮನೆಯ ಫಲಾನುಭವಿಗಳ ಪಟ್ಟಿ ಚರ್ಚೆಗೆ ಬಂತು. ನಾಲ್ಕು ಸೆಂಟ್ಸಿನಲ್ಲಿ ಟಾರ್ಪಾಲಿನ ಕೆಳಗೆ ಮಗಳೊಡನೆ ಬದುಕುತ್ತಿದ್ದ ವಯಸ್ಸಾದ ಬೀಡಿ ಕಾರ್ಮಿಕಳೊಬ್ಬಳ ಹೆಸರು ಪಟ್ಟಿಯಲ್ಲಿತ್ತು. ಅಡಿಕೆ ತೋಟದ ಒಬ್ಬ ಗೃಹಸ್ಥರು ಎದ್ದು, “ಕೂಲಿ ಕೆಲಸಕ್ಕೆ ಕರೆದರೆ ಒಬ್ಬರೂ ಬರುವುದಿಲ್ಲ. ಎಲ್ಲವನ್ನೂ ಸರಕಾರವೇ ಕೊಟ್ಟರೆ ಇವರಿಗೆ ದುಡಿಯುವ ಬುದ್ಧಿ ಎಲ್ಲಿಂದ ಬರಬೇಕು?” ಎಂದರು. ಸಭೆಯಲ್ಲಿ ಹಲವರು ತಲೆದೂಗಿದರು. ಆ ಹೆಂಗಸು ಮೂಲೆಯಿಂದ ನಮ್ಮತ್ತ ತಿರುಗಿ, “ಮಾಷ್ಟ್ರೇ, ನೀವು ಲೆಕ್ಕದವರು. ದಿನಕ್ಕೆ ಐನೂರರಂತೆ ನಲವತ್ತು ವರ್ಷ ಕಟ್ಟಿದ್ದೇನೆ. ಎಷ್ಟಾಯಿತು ಅಂತ ಇವರಿಗೆ ಒಮ್ಮೆ ಹೇಳಿ” ಎಂದಳು. ವರ್ಷಕ್ಕೆ ಮುನ್ನೂರು ದಿನವೆಂದು ಹಿಡಿದರೂ ಅರುವತ್ತು ಲಕ್ಷ ಬೀಡಿ! ನಾವು ಆ ಸಂಖ್ಯೆಯನ್ನು ಗಟ್ಟಿಯಾಗಿ ಹೇಳಿದಾಗ ಸಭೆ ಸ್ವಲ್ಪ ಹೊತ್ತು ಸುಮ್ಮನಾಯಿತು.

ಆ ಬಳಿಕ ನಾವು ಇನ್ನೆರಡು ಮಾತುಗಳನ್ನು ಆಡಿದೆವು. “ನಮ್ಮ ತೀರ್ಥರೂಪರಿಗೆ 1970ರ ಕಾನೂನಿನಿಂದ ನೆಲ ಸಿಕ್ಕಿತು; ಈ ಸಭೆಯಲ್ಲಿ ತೋಟವಿರುವ ಅನೇಕರಿಗೂ ಹಾಗೆಯೇ ಸಿಕ್ಕಿದ್ದು. ಅದನ್ನು ಯಾರೂ ಬಿಟ್ಟಿ ಎನ್ನಲಿಲ್ಲ, ಎನ್ನಲೂಬಾರದು, ಅದು ನ್ಯಾಯ. ನಾವು ಬ್ಯಾಂಕಿನ ಸಾಲದಲ್ಲಿ ಮನೆ ಕಟ್ಟಿದಾಗ ಬಡ್ಡಿಯ ಹಣವನ್ನು ಆದಾಯ ತೆರಿಗೆಯ ಲೆಕ್ಕದಿಂದ ಕಳೆಯಲು ಸರಕಾರ ಅವಕಾಶ ಕೊಟ್ಟಿತು. 2014ರ ಮುಂಗಡಪತ್ರದಲ್ಲಿ ಆ ಮಿತಿಯನ್ನು ವರ್ಷಕ್ಕೆ 2 ಲಕ್ಷ ರೂಪಾಯಿಗೆ ಏರಿಸಿದರು. ಅದೂ ಸರಕಾರದ ನೆರವೇ. ನಮಗೆ ಕೊಟ್ಟಾಗ ಅದರ ಹೆಸರು ರಿಯಾಯಿತಿ, ಈ ಅಕ್ಕನಿಗೆ ಕೊಟ್ಟಾಗ ಅದರ ಹೆಸರು ಪುಕ್ಕಟೆ, ಹೀಗೇಕೆ?” ಗೃಹಸ್ಥರು ಪ್ರತಿಯಾಡಲಿಲ್ಲ. ಹೆಸರು ಪಟ್ಟಿಯಲ್ಲಿ ಉಳಿಯಿತು. 4 ಲಕ್ಷ ರೂಪಾಯಿಯ ಆ ಮನೆ ಸಣ್ಣದು. ಆದರೆ ಎರಡು ಮಳೆಗಾಲ ಕಳೆಯುವಷ್ಟರಲ್ಲಿ ಆ ಹೆಂಗಸು ಒಳಗಿನಿಂದ ಚಿಲಕ ಹಾಕಿಕೊಳ್ಳಬಹುದಾದ ಬಾಗಿಲಿನ ಹಿಂದೆ ಮಲಗುವಂತಾಯಿತು. ಆ ಗೃಹಸ್ಥರು ಕೆಟ್ಟ ಮನುಷ್ಯರಲ್ಲ. ಅಡಿಕೆಯ ಧಾರಣೆ ಕುಸಿದಾಗ, ಮಹಾಳಿ ರೋಗ ಬಂದಾಗ ಅವರೂ ಸರಕಾರದ ಕಡೆಗೆ ನೋಡುವವರೇ. ಮಾರುಕಟ್ಟೆಯ ಭಯ ಅವರನ್ನು ಹಾಗೆ ಮಾತಾಡಿಸಿತೆಂದೇ ನಾವು ತಿಳಿದಿದ್ದೇವೆ.

ಕೂಲಿಯವರೆಲ್ಲ ಸಜ್ಜನರು, ಹಣವಂತರೆಲ್ಲ ದುರ್ಜನರು ಎಂಬ ಸುಲಭ ಸೂತ್ರವನ್ನು ನಾವು ಒಪ್ಪುವವರಲ್ಲ. ಹೊರೆಯಾಳುಗಳ ರಕ್ಷಣೆಗೆಂದು 1978ರಲ್ಲಿ ಕೇರಳ ಕಾನೂನು ಮಾಡಿತು, ಅದು ಅಗತ್ಯವಾಗಿತ್ತು. ಆದರೆ ಇತರರು ಹೊರೆ ಇಳಿಸುವುದನ್ನು ನೋಡುತ್ತ ನಿಂತದ್ದಕ್ಕೆ ಕೂಲಿ ಕೇಳುವ ‘ನೋಕ್ಕುಕೂಲಿ’ ಎಂಬ ಕೆಟ್ಟ ಪದ್ಧತಿಯೂ ಬೆಳೆಯಿತು. ಅದನ್ನು 2018ರ ಮೇ 1ರಿಂದ ಸರಕಾರವೇ ನಿಷೇಧಿಸಬೇಕಾಯಿತು. ಕೆಲಸ ಮಾಡದೆ ಬರುವ ಹಣವೇ ಜಾಣತನದ ಹಣ ಎಂಬ ಪಾಠವನ್ನು ಹೊರೆಯಾಳು ತಾನಾಗಿ ಕಂಡುಹಿಡಿದನೇ? ನೆಲವನ್ನು ಸುಮ್ಮನೆ ಇಟ್ಟುಕೊಂಡು ಬೆಲೆಯೇರಿದಾಗ ಮಾರುವವನನ್ನು ನೋಡಿ ಅವನೂ ಕಲಿತಿರಬಹುದಲ್ಲವೇ?

ಈಗ ನಮ್ಮ ಸೀಮೆಯ ಭಾರದ ಕೆಲಸವೆಲ್ಲ ಬೇರೆ ಕೈಗಳಿಗೆ ಬಂದಿದೆ. ಒರಿಸ್ಸಾ, ಬಂಗಾಳ, ಅಸ್ಸಾಮುಗಳಿಂದ ಬಂದವರು ನಮ್ಮ ಗೋಡೆಗಳನ್ನು ಕಟ್ಟುತ್ತಾರೆ. ಉತ್ತರ ಕರ್ನಾಟಕದಿಂದ ಬಂದವರು ಕೆಂಪುಕಲ್ಲಿನ ಕೋರೆಯಲ್ಲಿ ದುಡಿಯುತ್ತಾರೆ. ಕೇರಳದಲ್ಲಿ ಹೊರರಾಜ್ಯದ ಕಾರ್ಮಿಕರು 25 ಲಕ್ಷಕ್ಕೂ ಹೆಚ್ಚೆಂದು 2013ರಲ್ಲೇ ಅಂದಾಜು ಮಾಡಿದ್ದರು. ಅವರನ್ನು ಅತಿಥಿ ಕಾರ್ಮಿಕರೆಂದು ಸರಕಾರ ಕರೆಯುತ್ತದೆ. ಪಾಲಕ್ಕಾಡಿನ ಕಞ್ಚಿಕ್ಕೋಡಿನಲ್ಲಿ ಅವರಿಗಾಗಿ 640 ಮಂದಿಯ ವಸತಿಗೃಹವೊಂದನ್ನು 2019ರಲ್ಲಿ ತೆರೆದದ್ದೂ ಉಂಟು. ಆದರೆ ಹೆಚ್ಚಿನವರು ಮಲಗುವುದು ತಗಡಿನ ಬಿಡಾರಗಳಲ್ಲಿ. ಅವರು ಕಟ್ಟಿದ ಮನೆಯ ಗೃಹಪ್ರವೇಶಕ್ಕೆ ಅವರಿಗೆ ಕರೆಯೋಲೆ ಹೋಗುವುದಿಲ್ಲ.

ಕಲ್ಲುಕೋರೆಯಿಂದ ನಮ್ಮ ಶಾಲೆಗೆ ಬರುವ ಮಕ್ಕಳ ಕನ್ನಡ ಬೇರೆ ತೆರನಾದುದು. ‘ಬರ್ರಿ ಸರ’, ‘ಹೋಗ್ತೀನ್ರಿ’ ಎನ್ನುವಾಗ ಮೊದಮೊದಲು ಉಳಿದ ಮಕ್ಕಳು ನಗುತ್ತಿದ್ದರು. ಮಲಯಾಳದ ನಾಡಿನಲ್ಲಿ ನಮ್ಮ ಮಾತಿಗೆ ಯಾರಾದರೂ ನಕ್ಕರೆ ನಮಗೆಷ್ಟು ನೋವಾಗುತ್ತದೆಂದು ಕೇಳಿದ ಮೇಲೆ ನಗು ನಿಂತಿತು. ಮಕ್ಕಳ ಸಂಖ್ಯೆ ಕುಗ್ಗಿ ಕನ್ನಡ ತರಗತಿಗಳು ಉಳಿಯುವುದೇ ಕಷ್ಟವಾಗಿರುವ ಈ ದಿನಗಳಲ್ಲಿ ಹಾಜರಿ ಪುಸ್ತಕವನ್ನು ತುಂಬಿಸಿಕೊಟ್ಟವರು ಈ ಕೋರೆಯ ಮಕ್ಕಳು. ಭಾಷಾಭಿಮಾನದ ಭಾಷಣ ಮಾಡುವ ನಮ್ಮ ಗಣ್ಯರನೇಕರ ಮಕ್ಕಳು ಪೇಟೆಯ ಇಂಗ್ಲಿಷ್ ಶಾಲೆಯ ವ್ಯಾನು ಹತ್ತುತ್ತಾರೆ. ಮಗುವೂ ಒಂದು ಬಂಡವಾಳ, ಶಾಲೆಯೂ ಒಂದು ಹೂಡಿಕೆ ಎಂದಾದ ಮೇಲೆ ಆ ತಂದೆತಾಯಿಗಳನ್ನು ಮಾತ್ರ ದೂರಿ ಪ್ರಯೋಜನವಿಲ್ಲ.

ಅಧ್ಯಾಪಕ ತರಬೇತಿಯಲ್ಲಿ ನಾವು ಓದಿದ ಪಾಠಗಳಲ್ಲಿ ಒಂದು ಇನ್ನೂ ಮನಸ್ಸಿನಲ್ಲಿದೆ. 1937ರ ಅಕ್ಟೋಬರಿನಲ್ಲಿ ವಾರ್ಧಾದಲ್ಲಿ ಸೇರಿದ ಸಮ್ಮೇಳನದಲ್ಲಿ ಗಾಂಧೀಜಿಯವರು ಮುಂದಿಟ್ಟ ಬುನಾದಿ ಶಿಕ್ಷಣದ ವಿಚಾರವದು. ಕೈಕೆಲಸದ ಮೂಲಕವೇ ವಿದ್ಯೆ ಬರಬೇಕೆಂಬುದು ಅದರ ಸಾರ. ವಕೀಲನ ದುಡಿಮೆಗೂ ಕ್ಷೌರಿಕನ ದುಡಿಮೆಗೂ ಬೆಲೆಯಲ್ಲಿ ಭೇದವಿರಕೂಡದೆಂಬ ಮಾತನ್ನು ಅವರು ರಸ್ಕಿನ್ನನ ಗ್ರಂಥದಿಂದ ಕಲಿತಿದ್ದರು. ನಮ್ಮ ಕನ್ನಡದಲ್ಲಿ ಇದು ಹನ್ನೆರಡನೆಯ ಶತಮಾನದಷ್ಟು ಹಳೆಯ ವಿಚಾರ. ಆಯ್ದಕ್ಕಿ ಮಾರಯ್ಯನು ಒಂದು ದಿನ ಬೇಕಾದುದಕ್ಕಿಂತ ಹೆಚ್ಚು ಅಕ್ಕಿಯನ್ನು ಆಯ್ದು ತಂದಾಗ ಹೆಂಡತಿ ಲಕ್ಕಮ್ಮ ಅದನ್ನು ಮರಳಿ ಸುರಿದು ಬರುವಂತೆ ಕಳುಹಿಸಿದಳೆಂಬ ಕತೆ ಯಾರಿಗೆ ತಿಳಿಯದು? ಕಾಯಕದ ಮಗ್ಗುಲಲ್ಲೇ ದಾಸೋಹವನ್ನು ಇಟ್ಟವರು ಆ ಶರಣರು. ದುಡಿಯುವುದೂ ಹಂಚುವುದೂ ಅವರಿಗೆ ಒಂದೇ ಬಾಳಿನ ಎರಡು ಕೈಗಳು. ದುಡಿದವನು ಮೇಲು, ಪಡೆದವನು ಕೀಳು ಎಂಬ ಭೇದ ಅಲ್ಲಿಲ್ಲ.

ಇಷ್ಟು ಹೇಳಿ ಬಂಡವಾಳವನ್ನು ಊರಿನಿಂದ ಓಡಿಸುವ ಉಪಾಯವೇನೆಂದು ಕೇಳಿದರೆ, ಅದು ಒಬ್ಬ ಹಳ್ಳಿಯ ಮಾಸ್ತರನ ಅಳವಲ್ಲ. ಆದರೆ ಅದು ಕಲಿಸುವ ಪಾಠಕ್ಕೆ ಎದುರು ಪಾಠವನ್ನು ಕಲಿಸುವುದು ನಮ್ಮ ಅಳವಿನಲ್ಲಿದೆ. ನಮ್ಮ ಶಾಲೆಯಲ್ಲಿ ಏಳನೆಯ ತರಗತಿಯ ಮಕ್ಕಳಿಗೆ ವರ್ಷಕ್ಕೊಮ್ಮೆ ಒಂದು ಗಣಿತದ ಕೆಲಸ ಕೊಡುತ್ತೇವೆ. ಮನೆಯಲ್ಲಿ ತಾಯಿ ಬೆಳಗಿನಿಂದ ರಾತ್ರಿಯವರೆಗೆ ಮಾಡುವ ಕೆಲಸವನ್ನು ಗಂಟೆಗಳಲ್ಲಿ ಬರೆಯಬೇಕು. ಅದರಲ್ಲಿ ಹಣ ಬಂದ ಗಂಟೆ ಎಷ್ಟು, ಬಾರದ ಗಂಟೆ ಎಷ್ಟು ಎಂದು ವಿಂಗಡಿಸಬೇಕು. ತಮ್ಮ ಮನೆಯನ್ನು ಕಟ್ಟಿದವರು ಯಾರು, ಕಲ್ಲು ಎಲ್ಲಿಂದ ಬಂತು, ಅದನ್ನು ಕಡಿದವರು ಯಾವ ಊರಿನವರು ಎಂದು ಕೇಳಿ ತಿಳಿಯಬೇಕು. ಕಾಲೊನಿಯ ಮಗುವೂ ಬಂಗಲೆಯ ಮಗುವೂ ಈ ಲೆಕ್ಕವನ್ನು ಒಂದೇ ಬೆಂಚಿನಲ್ಲಿ ಕುಳಿತು ಓದುತ್ತಾರೆ. ಒಂದು ವರ್ಷ ಒಬ್ಬ ಹುಡುಗಿ ತನ್ನ ತಾಯಿಯ ಹದಿನಾರು ಗಂಟೆಗಳ ಪಟ್ಟಿಯನ್ನು ಓದಿ ಮುಗಿಸಿ, ಪ್ರವೇಶ ಪುಸ್ತಕದಲ್ಲಿ ತಾಯಿಯ ಉದ್ಯೋಗದ ಎದುರು ಬರೆದ ಅಡ್ಡಗೆರೆಯನ್ನು ತಿದ್ದಬಹುದೇ ಎಂದು ಕೇಳಿದಳು. ‘ಬೀಡಿ ಕಾರ್ಮಿಕೆ’ ಎಂದು ನಾವು ಅವಳ ಕಣ್ಣೆದುರೇ ಬರೆದೆವು.

ಗಡಿಯಾಚೆಯ ಕನ್ನಡಿಗರಾದ ನಾವು ಸಂಖ್ಯೆಯಲ್ಲಿ ಕಡಿಮೆ. ಕಡಿಮೆ ಸಂಖ್ಯೆಯವರು ಬಾಳಬೇಕಾದರೆ ಒಬ್ಬರಿಗೊಬ್ಬರು ಆಸರೆಯಾಗುವುದಲ್ಲದೆ ಅನ್ಯಮಾರ್ಗವಿಲ್ಲ. ಆ ಆಸರೆ ತೋಟದವರಿಂದ ತೋಟದವರಿಗೆ ಮಾತ್ರ ಸಲ್ಲುವುದಾದರೆ ಅದು ಸಮಾಜವಲ್ಲ, ಒಂದು ಪಾಲುದಾರಿಕೆಯ ಅಂಗಡಿ. ಮುಂದಿನ ಗ್ರಾಮಸಭೆಯಲ್ಲಿ ಒಬ್ಬ ಬಡವರ ಹೆಸರು ಮನೆಯ ಪಟ್ಟಿಗೆ ಬಂದಾಗ, ಅವರು ಇದಕ್ಕೆ ಯೋಗ್ಯರೇ ಎಂದು ಕೇಳುವ ಮೊದಲು ಅವರು ಇದುವರೆಗೆ ಯಾರ ಯಾರ ಮನೆಗಾಗಿ ದುಡಿದಿದ್ದಾರೆ ಎಂದು ವಿಚಾರಿಸಿರಿ. ಉತ್ತರದ ಪಟ್ಟಿಯಲ್ಲಿ ನಮ್ಮ ನಿಮ್ಮ ಮನೆಯೂ ಒಂದಾಗಿರಬಹುದು.